ಬೋರ್ಡು ಕನ್ನಡವಾಯಿತು, ನಮ್ಮ ಸಾಲಿಗೆ ಮಾಸ್ತರ ಯಾವಾಗ ಬರ್ತಾರ?

(ಬೆಂಗಳೂರಿನಲ್ಲಿ ನಡೆದ ಕನ್ನಡ ಯುವಜನರ ಸಭೆಯಲ್ಲಿ ಆಳಂದದ ಮುದ್ರಣಾಲಯದ ಮಾಲೀಕರೊಬ್ಬರು ಮಾಡಿದ ಭಾಷಣ)



ನಾನು ಭಾಷಣ ಮಾಡುವವನಲ್ಲ, ಭಾಷಣ ಅಚ್ಚು ಹಾಕುವವನು. ಆಳಂದದಲ್ಲಿ ನನ್ನದೊಂದು ಸಣ್ಣ ಪ್ರೆಸ್ಸು ಇದೆ. ಲಗ್ನಪತ್ರಿಕೆ, ಜಾತ್ರೆಯ ಕರಪತ್ರ, ಅಂಗಡಿಯ ಪಾವತಿ ಪುಸ್ತಕ, ಚುನಾವಣೆಯ ಹ್ಯಾಂಡ್‌ಬಿಲ್ಲು, ನವೆಂಬರ್ ಬಂತೆಂದರೆ ರಾಜ್ಯೋತ್ಸವದ ಆಮಂತ್ರಣ. ಓದಿದ್ದು ಪಿಯುಸಿ. ಆದ್ದರಿಂದ ದೊಡ್ಡ ದೊಡ್ಡ ಶಬ್ದ ನನ್ನಿಂದ ನಿರೀಕ್ಷಿಸಬೇಡಿ. ನಿನ್ನೆ ಸಂಜೆ ಕಲಬುರಗಿಯಲ್ಲಿ ರೈಲು ಹತ್ತಿ ಇವತ್ತು ಬೆಳಿಗ್ಗೆ ಇಲ್ಲಿ ಇಳಿದೆ. ರೈಲ್ವೆ ಸ್ಟೇಷನ್ನಿನಿಂದ ಈ ಸಭಾಂಗಣದವರೆಗೆ ಅಂಗಡಿಗಳ ಬೋರ್ಡು ನೋಡುತ್ತಾ ಬಂದೆ. ಕನ್ನಡ ಕಾಣಿಸಿತು, ಸಂತೋಷವಾಯಿತು. ನಾಮಫಲಕದಲ್ಲಿ ಶೇ. 60ರಷ್ಟು ಕನ್ನಡ ಇರಬೇಕೆಂದು 2024ರಲ್ಲಿ ಕಾನೂನು ಬಂತಲ್ಲ, ಅದರ ಹಿಂದೆ ನಿಮ್ಮಂಥ ಹುಡುಗರು ಲಾಠಿ ತಿಂದದ್ದು, ಜೈಲಿಗೆ ಹೋದದ್ದು ನಮಗೆ ಗೊತ್ತಿದೆ. ನಿಮಗೆ ನನ್ನ ನಮಸ್ಕಾರ.

ಆದರೆ ಒಂದು ಪ್ರಶ್ನೆ ಗಂಟು ಕಟ್ಟಿಕೊಂಡು ತಂದಿದ್ದೇನೆ. ಆ ಬೋರ್ಡು ಓದುವ ಹುಡುಗ ಎಲ್ಲಿ ತಯಾರಾಗುತ್ತಾನೆ? ಕನ್ನಡ ಸಾಲಿಯಲ್ಲಿ. ನಮ್ಮ ಕಡೆ ಶಾಲೆಗೆ ಸಾಲಿ ಅಂತೇವೆ. ಆಳಂದ, ಅಫಜಲಪುರ, ಜೇವರ್ಗಿ, ಈ ಮೂರು ತಾಲ್ಲೂಕಿನ ಸರ್ಕಾರಿ ಕನ್ನಡ ಸಾಲಿಯ ಕಥೆ ಹೇಳಿ ಕುಳಿತುಬಿಡುತ್ತೇನೆ.

ಈ ಊರುಗಳು ಎಲ್ಲಿವೆ ಅಂತ ನಿಮ್ಮಲ್ಲಿ ಎಷ್ಟು ಜನಕ್ಕೆ ಗೊತ್ತು? ನಾಚಿಕೆ ಬೇಡ, ನನಗೂ ಬೆಂಗಳೂರಿನ ಬಡಾವಣೆಗಳು ಗೊತ್ತಿಲ್ಲ. ಮೂರೂ ಕಲಬುರಗಿ ಜಿಲ್ಲೆಯವು. ಆಳಂದದ ಪಶ್ಚಿಮಕ್ಕೆ ಮಹಾರಾಷ್ಟ್ರದ ಅಕ್ಕಲಕೋಟೆ. ಅಫಜಲಪುರ ಭೀಮೆಯ ದಂಡೆಯ ತಾಲ್ಲೂಕು, ದತ್ತಾತ್ರೇಯನ ದೇವಲ ಗಾಣಗಾಪುರ ಅಲ್ಲಿಯದು. ಕಲಬುರಗಿಯಿಂದ ವಿಜಯಪುರದ ಕಡೆ ಹೊರಟು ಭೀಮೆ ದಾಟಿದರೆ ಜೇವರ್ಗಿ. ನೀವು ದಿನಾ ಸಾರಿಗೆ ಹಾಕುವ ತೊಗರಿಬೇಳೆ ಬೆಳೆಯುವ ಕರಿ ಮಣ್ಣು ಇದು. 2019ರಲ್ಲಿ ನಮ್ಮ ತೊಗರಿಗೆ ಭೌಗೋಳಿಕ ಮಾನ್ಯತೆಯೂ ಸಿಕ್ಕಿತು. ಬೇಳೆಗೆ ಮಾನ್ಯತೆ ಸಿಕ್ಕಿತು, ಬೇಳೆ ಬೆಳೆಯುವವನ ಮಗನ ಓದಿಗೆ ಸಿಗಬೇಕಾದದ್ದು ಇನ್ನೂ ಬಾಕಿ.

ಸ್ವಲ್ಪ ಹಿಂದಕ್ಕೆ ಹೋಗೋಣ. 1948ರ ಸೆಪ್ಟೆಂಬರ್‌ವರೆಗೆ ನಾವು ನಿಜಾಮನ ಪ್ರಜೆಗಳು. ಕಚೇರಿ, ಕೋರ್ಟು, ಮೇಲಿನ ಓದು ಎಲ್ಲ ಉರ್ದುವಿನಲ್ಲಿ. ನಮ್ಮ ಅಜ್ಜ ಸಹಿ ಹಾಕುತ್ತಿದ್ದದ್ದು ಉರ್ದುವಿನಲ್ಲಿ, ವಚನ ಹೇಳುತ್ತಿದ್ದದ್ದು ಕನ್ನಡದಲ್ಲಿ. ನಮ್ಮಂಥವರ ಕನ್ನಡ ಉಳಿದದ್ದು ಮಠದಲ್ಲಿ, ಭಜನೆಯಲ್ಲಿ, ಹೊಲದಲ್ಲಿ, ಅಡುಗೆಮನೆಯಲ್ಲಿ. ಅಂಥ ಕಾಲದಲ್ಲೂ, 1928ರಲ್ಲಿ, ಕಲಬುರಗಿಯಲ್ಲಿ ಸಾಹಿತ್ಯ ಸಮ್ಮೇಳನ ನಡೆಯಿತು, ಬಿ.ಎಂ. ಶ್ರೀಕಂಠಯ್ಯನವರು ಅಧ್ಯಕ್ಷರಾಗಿ ಬಂದರು. ಅದೇ ಜಿಲ್ಲೆಯ ಮಳಖೇಡದಲ್ಲಿ ರಾಷ್ಟ್ರಕೂಟರು ಆಳಿದರು, ಕವಿರಾಜಮಾರ್ಗ ಹುಟ್ಟಿದ್ದು ಆ ಆಸ್ಥಾನದಲ್ಲಿ. ವೇದಿಕೆ ಸಿಕ್ಕಾಗಲೆಲ್ಲ ನಾವು ಇದನ್ನು ಹೇಳಿ ಚಪ್ಪಾಳೆ ಹೊಡೆಸಿಕೊಳ್ಳುತ್ತೇವೆ. ಇಂಥ ಎಷ್ಟೋ ಭಾಷಣ ನಾನೇ ಅಚ್ಚು ಹಾಕಿದ್ದೇನೆ. 1956ರ ನವೆಂಬರ್ 1ರಂದು ನಾವು ನಿಮ್ಮ ಜೊತೆ ಕೂಡಿದೆವು. ಕೂಡಿದ್ದಕ್ಕೆ ನಮ್ಮ ಹಳ್ಳಿಗೆ ಬಂದ ದೊಡ್ಡ ಆಸ್ತಿ ಯಾವುದು ಗೊತ್ತೆ? ಹನುಮಪ್ಪನ ಗುಡಿಯ ಪಕ್ಕದ ಕನ್ನಡ ಸಾಲಿ. ನಮ್ಮ ಅಪ್ಪ ಅದರಲ್ಲಿ ಓದಿದ, ನಾನು ಅದರಲ್ಲಿ ಓದಿದೆ. ಅಜ್ಜನಿಗೆ ಸಿಗದ ಸಾಲಿ ಅಪ್ಪನಿಗೆ ಸಿಕ್ಕಿದ್ದರಿಂದಲೇ ನಮ್ಮ ಮನೆಯಲ್ಲಿ ಪ್ರೆಸ್ಸು ಬಂತು.

ಈಗ ಆ ಆಸ್ತಿಯ ಗತಿ ಏನು?

ಪ್ರಾದೇಶಿಕ ಅಸಮತೋಲನ ಅಳೆಯಲು ಕೂತ ನಂಜುಂಡಪ್ಪ ಸಮಿತಿ 2002ರಲ್ಲಿ ವರದಿ ಕೊಟ್ಟಿತು. ರಾಜ್ಯದ 39 ತಾಲ್ಲೂಕುಗಳನ್ನು ಅತ್ಯಂತ ಹಿಂದುಳಿದವು ಅಂತ ಗುರುತಿಸಿತು. ಆಳಂದ, ಅಫಜಲಪುರ, ಜೇವರ್ಗಿ ಮೂರೂ ಆ ಪಟ್ಟಿಯಲ್ಲಿ ಇದ್ದವು. ಆಮೇಲೆ 371ನೇ ಕಲಮಿನ ಜೆ ಬಂತು, ಅಭಿವೃದ್ಧಿ ಮಂಡಳಿ ಬಂತು, 2019ರಲ್ಲಿ ಹೈದರಾಬಾದ್ ಕರ್ನಾಟಕ ಹೋಗಿ ಕಲ್ಯಾಣ ಕರ್ನಾಟಕ ಎಂಬ ಹೆಸರೂ ಬಂತು. 2018ರಲ್ಲಿ ಜೇವರ್ಗಿಯಿಂದ ಒಡೆದು ಯಡ್ರಾಮಿ ಬೇರೆ ತಾಲ್ಲೂಕಾಯಿತು. 2025ರ ಎಸ್ಸೆಸ್ಸೆಲ್ಸಿ ಫಲಿತಾಂಶ ಬಂದಾಗ ದಕ್ಷಿಣ ಕನ್ನಡ ಶೇ. 91.12 ಪಡೆದು ಮೊದಲು ನಿಂತಿತು. ಕೊನೆಗೆ ಯಾರು? ಕಲಬುರಗಿ, ಶೇ. 42.43. ನೂರು ಮಕ್ಕಳು ಪರೀಕ್ಷೆಗೆ ಕೂತರೆ ಐವತ್ತೇಳು ಮಕ್ಕಳು ಮನೆಗೆ ಬಂದು ಮುಖ ಮುಚ್ಚಿಕೊಂಡು ಅತ್ತರು. ನಮ್ಮ ಮಕ್ಕಳ ತಲೆಯಲ್ಲಿ ಮಣ್ಣು ತುಂಬಿದೆಯೆ? ಮಂಗಳೂರಿನ ಮಗುವಿಗೂ ನಮ್ಮ ಮಗುವಿಗೂ ದೇವರು ಬೇರೆ ಬೇರೆ ಮೆದುಳು ಕೊಟ್ಟಿದ್ದಾನೆಯೆ?

ಹೆಸರು ಬದಲಾಯಿತು, ನಂಬರು ಬದಲಾಗಲಿಲ್ಲ. ಯಾಕೆ ಅಂತ ನನ್ನ ಪ್ರೆಸ್ಸಿನ ಬಿಲ್ಲು ಪುಸ್ತಕ ಹೇಳುತ್ತದೆ.

ನಮ್ಮ ಅಪ್ಪನ ಕಾಲದಿಂದ ಸುತ್ತಲಿನ ಸಾಲಿಗಳ ಸಣ್ಣಪುಟ್ಟ ಕೆಲಸ ನಮ್ಮಲ್ಲಿಗೇ ಬರುತ್ತದೆ. ಹಾಜರಿ ಪುಸ್ತಕ, ಕಿರುಪರೀಕ್ಷೆಯ ಪ್ರಶ್ನೆಪತ್ರಿಕೆ, ವಾರ್ಷಿಕೋತ್ಸವದ ಕರೆಯೋಲೆ. ಪ್ರಶ್ನೆಪತ್ರಿಕೆಯನ್ನು ಸಾಲಿವಾರು ಎಣಿಸಿ, ಸುತಳಿ ಕಟ್ಟಿ, ಮೇಲೆ ಊರ ಹೆಸರು ಬರೆದು ಇಡುವ ಕೆಲಸ ಹುಡುಗನಾಗಿದ್ದಾಗ ನನ್ನದು. ಆಗ ಒಂದೊಂದು ಸಾಲಿಯ ಕಟ್ಟು ಎರಡು ಕೈಯಲ್ಲಿ ಹಿಡಿಯುವಷ್ಟು ದಪ್ಪ. ಬರಬರುತ್ತ ಅದೇ ಊರಿನ ಕಟ್ಟು ಒಂದೇ ಕೈಗೆ ಬಂತು. ಈಗ ಕೆಲವು ಊರಿನದು ಒಂದು ಲಕೋಟೆಯಲ್ಲಿ ಹಿಡಿಯುತ್ತದೆ. ಊರು ಸಣ್ಣದಾಗಿಲ್ಲ, ಮಕ್ಕಳು ಹುಟ್ಟುವುದು ನಿಂತಿಲ್ಲ. ಹಾಗಾದರೆ ಮಕ್ಕಳು ಎಲ್ಲಿ?

ಅದಕ್ಕೂ ಉತ್ತರ ನನ್ನ ಬಿಲ್ಲು ಪುಸ್ತಕದಲ್ಲೇ ಇದೆ. ಬೇಸಿಗೆ ಬಂತೆಂದರೆ ಖಾಸಗಿ ಸಾಲಿಯವರು ಕರಪತ್ರ ಹಾಕಿಸಲು ಸಾಲುಗಟ್ಟಿ ಬರುತ್ತಾರೆ. "ಇಂಗ್ಲಿಷ್ ಮಾಧ್ಯಮ, ವಾಹನ ಸೌಲಭ್ಯ ಉಂಟು." ಒಂದು ತಮಾಷೆ ನೋಡಿ, ಇಂಗ್ಲಿಷ್ ಸಾಲಿಯ ಕರಪತ್ರವೆಲ್ಲ ಕನ್ನಡದಲ್ಲೇ ಇರುತ್ತದೆ. ಯಾಕೆಂದರೆ ದುಡ್ಡು ಕೊಡುವ ಅಪ್ಪನಿಗೆ ಓದಲು ಬರುವುದು ಕನ್ನಡ ಮಾತ್ರ. ಕನ್ನಡ ಸಾಲಿಯಲ್ಲಿ ಕಲಿತ ಅಕ್ಷರದಿಂದಲೇ ಅವನು ಕನ್ನಡ ಸಾಲಿ ಬಿಡಿಸುವ ಕರಪತ್ರ ಓದುತ್ತಾನೆ. ಆ ಕರಪತ್ರ ಅಚ್ಚು ಹಾಕುವವನು ಯಾರು? ನಾನೇ. ರಾಜ್ಯೋತ್ಸವದ ಆಮಂತ್ರಣದಲ್ಲಿ ನನಗೆ ಉಳಿಯುವುದು ಖರ್ಚಿನ ಕಾಸು. ನನ್ನ ಬೇಸಿಗೆಯ ಕರೆಂಟು ಬಿಲ್ಲು ಕಟ್ಟುವುದು ಇಂಗ್ಲಿಷ್ ಮಾಧ್ಯಮದ ಕರಪತ್ರ. ನಿಮ್ಮ ಮುಂದೆ ಮುಚ್ಚಿಡುವುದೇನು?

ಇನ್ನೂ ಒಂದು ತಪ್ಪು ಒಪ್ಪಿಕೊಳ್ಳುತ್ತೇನೆ. ನನ್ನ ಮಗಳನ್ನೂ ಅಂಥದೇ ಒಂದು ಸಾಲಿಗೆ ಹಾಕಿದ್ದೆ. ಅದರ ಹೆಸರು ಬೇಡ. ಟೈ, ಬೂಟು, ಹಳದಿ ಬಣ್ಣದ ವ್ಯಾನು. ಐದನೇ ತರಗತಿಯಲ್ಲಿದ್ದಾಗ ಒಂದು ದಿನ ಪ್ರೆಸ್ಸಿಗೆ ಬಂದಳು. ನಮ್ಮ ಅಪ್ಪನ ಪುಣ್ಯತಿಥಿಯ ಪತ್ರಿಕೆ ಕಂಪ್ಯೂಟರಿನ ಮೇಲಿತ್ತು. "ಓದವ್ವಾ, ಅಜ್ಜಂದು" ಅಂದೆ. ಅಜ್ಜನ ಹೆಸರು ಓದಲು ಆಕೆಗೆ ಒತ್ತಕ್ಷರ ಅಡ್ಡ ಬಂತು. ಹೋಗಲಿ, ಇಂಗ್ಲಿಷಿನಲ್ಲಿ ಅಜ್ಜನ ಬಗ್ಗೆ ನಾಲ್ಕು ಸಾಲು ಬರಿ ಅಂದೆ. ಅದೂ ಬರಲಿಲ್ಲ. ಗೈಡು ಬಾಯಿಪಾಠ ಮಾಡಿಸಿದ್ದರು, ಅಷ್ಟೆ. ಮಗು ಭೀಮೆಯ ನಡುವೆ ನಿಂತ ದೋಣಿ ಆಗಿತ್ತು, ಆ ದಂಡೆಯೂ ಸಿಗಲಿಲ್ಲ, ಈ ದಂಡೆಯೂ ಸಿಗಲಿಲ್ಲ.

ನಮ್ಮ ಪ್ರೆಸ್ಸಿನಲ್ಲಿ ಹಿಂದೆ ಅಚ್ಚುಮೊಳೆ ಜೋಡಿಸುವ ಕಾಕಾ ಒಬ್ಬರಿದ್ದರು. ಸರ್ಕಾರಿ ಸಾಲಿಯಲ್ಲಿ ನಾಲ್ಕನೇ ಇಯತ್ತೆ ಓದಿದವರು. ಉಲ್ಟಾ ಇದ್ದ ಮೊಳೆಯನ್ನು ಬೆರಳಿನಿಂದಲೇ ಓದುತ್ತಿದ್ದರು. ನಾನು ಬಿ.ಎ. ಓದಿದವರು ಬರೆದುಕೊಟ್ಟ ಬರಹ ಅವರ ಕೈಗೆ ಕೊಟ್ಟರೆ ತಪ್ಪು ತಿದ್ದಿಯೇ ಜೋಡಿಸುತ್ತಿದ್ದರು. ಈಗ ಡಿಟಿಪಿಗೆ ಒಬ್ಬ ಹುಡುಗ ಬೇಕು ಅಂದರೆ ಪಿಯುಸಿ ಪಾಸಾದವರು ಬರುತ್ತಾರೆ, ನಾಲ್ಕು ಸಾಲು ತಪ್ಪಿಲ್ಲದೆ ಹೊಡೆಯುವವರು ಸಿಗುವುದು ಕಷ್ಟ. ಹುಡುಗರನ್ನು ಬಯ್ಯಲು ಇದನ್ನು ಹೇಳುತ್ತಿಲ್ಲ. ಆ ಕಾಕಾನಿಗೆ ದಿನಾ ಸಾಲಿಗೆ ಬರುವ ಮಾಸ್ತರರು ಸಿಕ್ಕಿದ್ದರು. ಈ ಹುಡುಗರಿಗೆ ಸಿಗಲಿಲ್ಲ.

ಮಗಳನ್ನು ಆ ಸಾಲಿಯಿಂದ ಬಿಡಿಸಿ ಆರನೇ ತರಗತಿಗೆ ಸರ್ಕಾರಿ ಸಾಲಿಗೆ ತಂದೆ. ಕನ್ನಡದ ಕೆಲಸ ಮಾಡಿದೆ ಅಂತ ಎದೆ ಉಬ್ಬಿಸಿಕೊಂಡು ತಿರುಗಾಡಿದೆ. ಮೂರು ತಿಂಗಳಾದ ಮೇಲೆ ನನ್ನ ಹೆಂಡತಿ ತಾಟಿಗೆ ರೊಟ್ಟಿ ಹಾಕುತ್ತ ಕೇಳಿದಳು. "ಗಣಿತದ ಮಾಸ್ತರ ಇಲ್ಲಂತ. ವಿಜ್ಞಾನಾನೂ ಸಮಾಜದ ಮಾಸ್ತರೇ ನೋಡ್ಕೋತಾರಂತ. ಅಭಿಮಾನ ನಿಮ್ಮದು, ಲುಕ್ಸಾನ ನನ್ನ ಮಗಳದೇನು?" ತಮ್ಮಂದಿರೇ, ಈ ಪ್ರಶ್ನೆಗೆ ನನ್ನ ಹತ್ತಿರ ಉತ್ತರ ಇರಲಿಲ್ಲ. ಇವತ್ತಿಗೂ ಇಲ್ಲ.

ಆಮೇಲೆ ಒಂದು ದಿನ ಕೂಲಿ ಮಾಡುವ ತಾಯಿಯೊಬ್ಬಳು ಮಗನ ಜೊತೆ ಪ್ರೆಸ್ಸಿಗೆ ಬಂದಳು. ಖಾಸಗಿ ಸಾಲಿಗೆ ಕೊಡಲು ಅರ್ಜಿ ಬರೆಸಬೇಕಿತ್ತು. ನಾನು ಸುಮ್ಮನಿರದೆ ಕೇಳಿದೆ, "ಯಾಕವ್ವಾ, ಊರಾಗ ನಮ್ಮ ಕನ್ನಡ ಸಾಲಿ ಇಲ್ಲೇನು? ಇಂಗ್ಲಿಷ್ ಹುಚ್ಚು ಯಾಕ?" ಆಕೆ ಹೇಳಿದ್ದು ಕೇಳಿ. "ಇಂಗ್ಲಿಷ್ ಬರ್ಲಿ ಅಂತ ಅಲ್ರೀ ಅಣ್ಣಾರ. ದಿನಾ ಮಾಸ್ತರ ಬರ್ಲಿ ಅಂತ ಕಳಸ್ತೀನಿ."

ನಾವು ಕನ್ನಡದ ಹೋರಾಟಗಾರರು ಇಷ್ಟು ವರ್ಷ ತಪ್ಪು ತಿಳಿದುಕೊಂಡಿದ್ದೇವೆ ಅಂತ ನನಗೆ ಆವತ್ತು ಅನ್ನಿಸಿತು. ಪೋಷಕರಿಗೆ ಅಭಿಮಾನ ಇಲ್ಲ, ಇಂಗ್ಲಿಷ್ ವ್ಯಾಮೋಹ ಹಿಡಿದಿದೆ ಅಂತ ಮೈಕಿನಲ್ಲಿ ಬಯ್ಯುತ್ತೇವೆ. ಆ ತಾಯಿ ಕೂಲಿ ದುಡ್ಡಿನಲ್ಲಿ ಫೀಜು ಕಟ್ಟುವುದು ಇಂಗ್ಲಿಷಿಗಲ್ಲ, ಮಾಸ್ತರರಿಗೆ. ಸರ್ಕಾರಿ ಸಾಲಿಯಲ್ಲೂ 2007ರಿಂದ ಒಂದನೇ ತರಗತಿಯಲ್ಲೇ ಇಂಗ್ಲಿಷ್ ವಿಷಯ ಇದೆ. ಪುಸ್ತಕ ಪುಕ್ಕಟೆ, ಊಟ ಪುಕ್ಕಟೆ. ಆದರೂ ಆಕೆ ಬಿಟ್ಟು ಹೋಗುತ್ತಾಳೆ. ಯಾಕೆಂದರೆ ಏಳು ತರಗತಿಗೆ ಮೂರು ಜನ ಮಾಸ್ತರರಿದ್ದು, ಅದರಲ್ಲಿ ಒಬ್ಬರು ತಾಲ್ಲೂಕಿನ ಮೀಟಿಂಗಿಗೆ ಹೋಗಿ, ಇನ್ನೊಬ್ಬರು ಆನ್‌ಲೈನಿನಲ್ಲಿ ಮಾಹಿತಿ ತುಂಬುತ್ತ ಕೂತರೆ, ಉಳಿದ ಒಬ್ಬರು ಏಳು ತರಗತಿಯ ಮಕ್ಕಳನ್ನು ಕಿರುಚದಂತೆ ಕೂರಿಸಬಹುದು. ಕಲಿಸುವುದು ಹೇಗೆ?

ಕಾನೂನು ಏನು ಹೇಳುತ್ತದೆ? 2010ರ ಏಪ್ರಿಲ್ 1ರಿಂದ ಶಿಕ್ಷಣ ಹಕ್ಕು ಕಾಯ್ದೆ ಜಾರಿಯಲ್ಲಿದೆ. ಒಂದರಿಂದ ಐದನೇ ತರಗತಿವರೆಗೆ 30 ಮಕ್ಕಳಿಗೆ ಒಬ್ಬ ಶಿಕ್ಷಕರು. ಆರರಿಂದ ಎಂಟಕ್ಕೆ 35 ಮಕ್ಕಳಿಗೆ ಒಬ್ಬರು, ಅದರಲ್ಲೂ ಗಣಿತ-ವಿಜ್ಞಾನಕ್ಕೆ, ಸಮಾಜಕ್ಕೆ, ಭಾಷೆಗೆ ತಲಾ ಒಬ್ಬರು ಬೇಕೇ ಬೇಕು. ಜನಗಣತಿ, ಚುನಾವಣೆ, ಪ್ರಕೃತಿ ವಿಕೋಪ, ಈ ಮೂರು ಬಿಟ್ಟು ಬೇರೆ ಕೆಲಸಕ್ಕೆ ಶಿಕ್ಷಕರನ್ನು ಹಚ್ಚಬಾರದು. ಆದರೆ ನಡೆಯುವುದು ಏನು? 2025ರಲ್ಲಿ ಸಮೀಕ್ಷೆ ಮುಗಿಯಲಿಲ್ಲ ಅಂತ ಸರ್ಕಾರ ದಸರಾ ರಜೆಯನ್ನೇ ಅಕ್ಟೋಬರ್ 18ರವರೆಗೆ ಎಳೆಯಿತು. ಸಮೀಕ್ಷೆ ಬೇಡ ಅನ್ನುವುದಿಲ್ಲ, ಬಡವರ ಲೆಕ್ಕ ಆಗಲೇಬೇಕು. ಎಣಿಸಲು ಮಾಸ್ತರರೇ ಯಾಕೆ? ಖಾಸಗಿ ಸಾಲಿಯ ಮಗುವಿಗೆ ಮನೆಪಾಠ ಇದೆ. ನಮ್ಮ ಮಗುವಿಗೆ ಇರುವುದು ಆ ಒಬ್ಬ ಮಾಸ್ತರ ಮಾತ್ರ.

ನೇಮಕಾತಿಯ ಕಥೆ ಕೇಳಿ. 2022ರಲ್ಲಿ 15,000 ಪದವೀಧರ ಶಿಕ್ಷಕರ ನೇಮಕಕ್ಕೆ ಅರ್ಜಿ ಕರೆದರು. ಅದರಲ್ಲಿ 5,000 ಹುದ್ದೆ ಕಲ್ಯಾಣ ಕರ್ನಾಟಕಕ್ಕೆ ಅಂತ ಇಟ್ಟರು. ಎಲ್ಲರೂ ಸಂತೋಷಪಟ್ಟೆವು. ನಂತರ ಕೋರ್ಟು, ತಕರಾರು, ಪಟ್ಟಿ, ಪರಿಷ್ಕೃತ ಪಟ್ಟಿ. ಗಣಿತ, ವಿಜ್ಞಾನ ಕಲಿಸಲು ಪರೀಕ್ಷೆ ಪಾಸಾಗಿ ಬರುವ ನಮ್ಮ ಹುಡುಗರೇ ಸಾಲುವುದಿಲ್ಲ. ಹೇಗೆ ಸಾಲುತ್ತಾರೆ? ಗಣಿತದ ಮಾಸ್ತರ ಇಲ್ಲದ ಸಾಲಿಯಿಂದ ಗಣಿತದ ಮಾಸ್ತರ ಹುಟ್ಟುತ್ತಾನೆಯೆ? ಬಿತ್ತನೆ ಬೀಜವನ್ನೇ ತಿಂದು ಮುಗಿಸಿದ ರೈತನ ಪಾಡು ಇದು. ಆ ಖಾಲಿ ಜಾಗದಲ್ಲಿ ಅತಿಥಿ ಶಿಕ್ಷಕರು ಬರುತ್ತಾರೆ. ಅವರ ಮೇಲೆ ನನಗೆ ಗೌರವ ಇದೆ, ಅವರಿಲ್ಲದಿದ್ದರೆ ಎಷ್ಟೋ ಸಾಲಿಯ ಬೀಗ ತೆಗೆಯುವವರಿಲ್ಲ. ಆದರೆ ಅವರಿಗೆ ತಿಂಗಳಿಗೆ ಕೊಡುವ ಗೌರವಧನ ಬೆಂಗಳೂರಿನಲ್ಲಿ ನಿಮ್ಮ ಪಿಜಿಯ ಬಾಡಿಗೆ, ಊಟಕ್ಕೆ ಸರಿಹೋಗುತ್ತದೆ. ಅದೂ ತಿಂಗಳು ತಿಂಗಳು ಕೈಗೆ ಬರುವುದಿಲ್ಲ. ಸಾಲಿ ಶುರುವಾಗಿ ಎಷ್ಟೋ ದಿನದ ಮೇಲೆ ಬಂದು, ಪರೀಕ್ಷೆಯ ಹೊತ್ತಿಗೆ ಕೆಲಸ ಮುಗಿಸಿ ಹೋಗುವ ಅತಿಥಿಯ ಕೈಯಲ್ಲಿ ಕನ್ನಡದ ಭವಿಷ್ಯ ಇಟ್ಟಿದ್ದೇವೆ.

2014ರ ಮೇ 6ರಂದು ಸುಪ್ರೀಂ ಕೋರ್ಟು ಖಾಸಗಿ ಪ್ರಾಥಮಿಕ ಶಾಲೆಗಳ ಮೇಲೆ ಮಾತೃಭಾಷಾ ಮಾಧ್ಯಮ ಹೇರುವಂತಿಲ್ಲ ಎಂದಿತು. ಗೋಕಾಕ್ ಚಳವಳಿಯಿಂದ ಬಂದ ನಮ್ಮ ಕನಸಿಗೆ ದೊಡ್ಡ ಪೆಟ್ಟು ಬಿತ್ತು. ಸರಿ, ಕೋರ್ಟು ನಮ್ಮ ಕೈ ಕಟ್ಟಿದ್ದು ಖಾಸಗಿ ಸಾಲಿಯ ವಿಷಯದಲ್ಲಿ. ಸರ್ಕಾರಿ ಕನ್ನಡ ಸಾಲಿಗೆ ಮಾಸ್ತರರನ್ನು ಕೊಡಬೇಡಿ ಅಂತ ಯಾವ ಕೋರ್ಟು ಹೇಳಿದೆ? 2019ರಲ್ಲಿ ಒಂದು ಸಾವಿರ ಸರ್ಕಾರಿ ಸಾಲಿಗಳಲ್ಲಿ ಇಂಗ್ಲಿಷ್ ಮಾಧ್ಯಮ ತೆರೆಯಲು ಸರ್ಕಾರ ಹೊರಟಿತು. ಬೋರ್ಡು ಬರೆಸುವುದು ಸುಲಭ, ನನಗೆ ಕೊಟ್ಟರೆ ಸಂಜೆಯೊಳಗೆ ಫ್ಲೆಕ್ಸು ಹೊಡೆದು ಕೊಡುತ್ತೇನೆ. ಮಾಸ್ತರರನ್ನು ಫ್ಲೆಕ್ಸಿನಲ್ಲಿ ಹೊಡೆಯಲು ಬರುವುದಿಲ್ಲ.

ಇನ್ನು ಒಂದು ಮಾತು, ಇದು ನಿಮ್ಮ ಬೆಂಗಳೂರಿಗೆ ನೇರ ಸಂಬಂಧಪಟ್ಟದ್ದು. ನಮ್ಮ ಮೂರೂ ತಾಲ್ಲೂಕಿನಲ್ಲಿ ಲಂಬಾಣಿ ತಾಂಡಾಗಳಿವೆ, ದಲಿತರ ಓಣಿಗಳಿವೆ, ಭೂಮಿಯಿಲ್ಲದ ಮನೆಗಳಿವೆ. ದೀಪಾವಳಿ ಆಯಿತೆಂದರೆ ಗಂಟುಮೂಟೆ ಕಟ್ಟುತ್ತಾರೆ. ಮಹಾರಾಷ್ಟ್ರಕ್ಕೆ ಕಬ್ಬು ಕಡಿಯಲು, ಪುಣೆ, ಮುಂಬೈ, ಹೈದರಾಬಾದಿಗೆ, ಬೆಂಗಳೂರಿಗೆ ಕಟ್ಟಡದ ಕೆಲಸಕ್ಕೆ. ಮಕ್ಕಳನ್ನು ಯಾರ ಹತ್ತಿರ ಬಿಡುತ್ತಾರೆ? ಜೊತೆಗೇ ಕರೆದೊಯ್ಯುತ್ತಾರೆ. ನಾನು ಅಚ್ಚು ಹಾಕಿದ ಹಾಜರಿ ಪುಸ್ತಕದಲ್ಲಿ ಆ ಮಗುವಿನ ಹೆಸರು ಯುಗಾದಿಯವರೆಗೆ ಇರುತ್ತದೆ, ಮಗು ಇರುವುದಿಲ್ಲ. ತಾಂಡಾದ ಮಗುವಿಗೆ ಮನೆಮಾತು ಬೇರೆ, ಕನ್ನಡ ಸಿಗುವುದೇ ಸಾಲಿಯಲ್ಲಿ. ಸಾಲಿ ತಪ್ಪಿದರೆ ಕನ್ನಡವೂ ತಪ್ಪಿತು. ಆ ಮಗು ಎಲ್ಲಿದೆ ಅಂತ ಕೇಳುತ್ತೀರಾ? ನಿಮ್ಮ ಅಪಾರ್ಟ್‌ಮೆಂಟಿನ ಪಕ್ಕದಲ್ಲಿ ಹೊಸ ಕಟ್ಟಡ ಏಳುತ್ತಿದೆಯಲ್ಲ, ಅದರ ತಗಡಿನ ಶೆಡ್ಡಿನಲ್ಲಿ ತಮ್ಮನನ್ನು ಎತ್ತಿಕೊಂಡು ನಿಂತಿದೆ. ಕನ್ನಡಿಗರೇ ಸಿಗುವುದಿಲ್ಲ ಅಂತ ನೀವು ಬೇಜಾರು ಮಾಡಿಕೊಳ್ಳುವ ಬೆಂಗಳೂರಿನಲ್ಲಿ ಜೇವರ್ಗಿಯ ಕನ್ನಡದ ಮಗು ನಿಮ್ಮ ಕಾಂಪೌಂಡಿಗೆ ಆತುಕೊಂಡೇ ಬದುಕುತ್ತಿದೆ.

ಬೇರೆ ಭಾಷೆಯವರ ಮೇಲೆ ನನಗೆ ಸಿಟ್ಟಿಲ್ಲ. ಆಳಂದದಲ್ಲಿ ಉರ್ದು ಸಾಲಿ ಇದೆ, ಗಡಿಯ ಹಳ್ಳಿಯಲ್ಲಿ ಮರಾಠಿ ಸಾಲಿ ಇದೆ. ಆ ಸಾಲಿಯ ಮಕ್ಕಳ ಪಾಡೂ ನಮ್ಮ ಮಕ್ಕಳದೇ. ಲಾಡ್ಲೆ ಮಶಾಕ್ ದರ್ಗಾದ ಉರುಸಿಗೆ ನಾನು ಹಾಕುವ ಕರಪತ್ರದಲ್ಲಿ ಕನ್ನಡವೂ ಇರುತ್ತದೆ, ಉರ್ದುವೂ ಇರುತ್ತದೆ. ಗಡಿ ದಾಟಿ ಅಕ್ಕಲಕೋಟೆ, ಜತ್ತಕ್ಕೆ ಹೋಗಿ ನೋಡಿ. ಮಹಾರಾಷ್ಟ್ರ ಸರ್ಕಾರ ಅಚ್ಚು ಹಾಕಿದ ಕನ್ನಡ ಪಠ್ಯಪುಸ್ತಕ ಹಿಡಿದು ಅಲ್ಲಿನ ಮಕ್ಕಳು ಕನ್ನಡ ಸಾಲಿಗೆ ಹೋಗುತ್ತವೆ. ಪರರಾಜ್ಯದಲ್ಲಿ ಅವರು ಕನ್ನಡ ಸಾಲಿ ಉಳಿಸಿಕೊಳ್ಳಲು ಒದ್ದಾಡುತ್ತಿರುವಾಗ ನಮ್ಮದೇ ರಾಜ್ಯದಲ್ಲಿ ನಾವು ಕಳೆದುಕೊಳ್ಳುತ್ತ ಕೂತರೆ ಅವರಿಗೆ ಯಾವ ಮುಖ ತೋರಿಸುವುದು?

ಹಾಗಂತ ಅತ್ತು ಹೋಗಲು ಇಷ್ಟು ದೂರ ಬಂದಿಲ್ಲ. ಜೇವರ್ಗಿ ಸೀಮೆಯ ಅರಳಗುಂಡಗಿ ಶರಣಬಸವೇಶ್ವರರ ಊರು. ದಾಸೋಹ ಅನ್ನುವುದನ್ನು ಹೊಲದಲ್ಲಿ ಬದುಕಿ ತೋರಿಸಿದ ಮಹಾತ್ಮರು. 2002ರ ಜೂನ್‌ನಲ್ಲಿ ಸರ್ಕಾರ ಬಿಸಿಯೂಟ ಶುರು ಮಾಡಿದಾಗ ಮೊದಲು ಆರಂಭಿಸಿದ್ದು ನಮ್ಮ ಕಡೆಯ ಜಿಲ್ಲೆಗಳಲ್ಲಿ, ಇಟ್ಟ ಹೆಸರು ಅಕ್ಷರ ದಾಸೋಹ. ಮನಸ್ಸು ಮಾಡಿದರೆ ಒಂದು ಕೆಲಸ ನಮ್ಮಲ್ಲಿಂದ ಶುರುವಾಗಿ ರಾಜ್ಯಕ್ಕೇ ಹಬ್ಬುತ್ತದೆ. ಅನ್ನದ ದಾಸೋಹ ನಡೆಯುತ್ತಿದೆ. ಅಕ್ಷರದ್ದು ಬಾಕಿ ಇದೆ.

ನಿಮ್ಮಿಂದ ಮೂರು ಕೆಲಸ ಕೇಳುತ್ತೇನೆ.

ಒಂದು. ನಿಮಗೆ ಮಾಹಿತಿ ಹಕ್ಕಿನ ಅರ್ಜಿ ಬರೆಯಲು ಬರುತ್ತದೆ. ಹತ್ತು ರೂಪಾಯಿ ಶುಲ್ಕ, 30 ದಿನದಲ್ಲಿ ಉತ್ತರ ಕೊಡಬೇಕು. ಆಳಂದ, ಅಫಜಲಪುರ, ಜೇವರ್ಗಿಯ ಕ್ಷೇತ್ರ ಶಿಕ್ಷಣಾಧಿಕಾರಿಗಳ ಕಚೇರಿಗೆ ಬರೆಯಿರಿ. ಸಾಲಿವಾರು ಮಂಜೂರಾದ ಹುದ್ದೆ ಎಷ್ಟು, ತುಂಬಿದ್ದು ಎಷ್ಟು, ನಿಯೋಜನೆ ಮೇಲೆ ಬೇರೆ ಕಚೇರಿಗೆ ಹೋದವರು ಎಷ್ಟು, ಗಣಿತ-ವಿಜ್ಞಾನದ ಶಿಕ್ಷಕರಿಲ್ಲದ ಸಾಲಿ ಯಾವುವು? ಉತ್ತರ ಬಂದ ದಿನ ನನಗೆ ಕಳಿಸಿ. ಊರೂರಿಗೆ ಹಂಚುವ ಕರಪತ್ರ ನಾನು ಪುಕ್ಕಟೆ ಅಚ್ಚು ಹಾಕುತ್ತೇನೆ. ಕಾಗದ ನನ್ನದು, ಮಸಿ ನನ್ನದು. ಖಾಸಗಿ ಸಾಲಿಯ ಕರಪತ್ರ ಹಾಕಿದ ಪಾಪಕ್ಕೆ ಅದು ನನ್ನ ಪ್ರಾಯಶ್ಚಿತ್ತ.

ಎರಡು. ನಿಮ್ಮ ಪಕ್ಕದ ಶೆಡ್ಡಿಗೆ ಈ ಭಾನುವಾರ ಹೋಗಿ. "ಯಾವ ಊರವ್ವಾ?" ಅಂತ ಕೇಳಿ. ಮಗುವನ್ನು ಹತ್ತಿರದ ಸರ್ಕಾರಿ ಸಾಲಿಗೆ ಕರೆದೊಯ್ಯಿರಿ. ವರ್ಗಾವಣೆ ಪತ್ರ ಇಲ್ಲ, ಜನ್ಮ ದಾಖಲೆ ಇಲ್ಲ ಅಂತ ಹಿಂದಕ್ಕೆ ಕಳಿಸುವಂತಿಲ್ಲ, ವಯಸ್ಸಿಗೆ ತಕ್ಕ ತರಗತಿಗೆ ಸೇರಿಸಿಕೊಳ್ಳಬೇಕು ಅಂತ ಕಾಯ್ದೆಯೇ ಹೇಳುತ್ತದೆ. ಆ ತಾಯಿಗೆ ಕಾಯ್ದೆ ಗೊತ್ತಿಲ್ಲ, ಆಫೀಸಿನ ಬಾಗಿಲಲ್ಲಿ ನಿಲ್ಲಲು ಹೆದರುತ್ತಾಳೆ. ನೀವು ಹೆದರುವವರಲ್ಲ.

ಮೂರು. ನಿಮ್ಮಲ್ಲಿ ನಮ್ಮ ಕಡೆಯವರೂ ಇದ್ದೀರಿ, ಮುಖ ನೋಡಿದರೆ ಗೊತ್ತಾಗುತ್ತದೆ. ಜಾತ್ರೆಗೆ, ಮದುವೆಗೆ ಊರಿಗೆ ಬಂದಾಗ ಅರ್ಧ ದಿನ ಓದಿದ ಸಾಲಿಗೆ ಹೋಗಿ. ಪ್ರತಿ ಸಾಲಿಗೂ ಪೋಷಕರ ಎಸ್‌ಡಿಎಂಸಿ ಇದೆ. ಎಷ್ಟೋ ಕಡೆ ಅದು ಸಹಿ ಹಾಕುವ ಸಮಿತಿ. ಅದರ ಸಭೆ ಯಾವಾಗ ನಡೆಯಿತು ಅಂತ ಕೇಳಿ. ಮಾಸ್ತರರನ್ನು ಬಯ್ಯಬೇಡಿ. ಇದ್ದ ಒಬ್ಬರ ಕೈ ಹಿಡಿದು, ಇಲ್ಲದ ಇಬ್ಬರಿಗಾಗಿ ಜಗಳ ತೆಗೆಯಿರಿ.

2023ರಿಂದ ನಮ್ಮ ಪ್ರದೇಶದ ಮಂಡಳಿಗೆ ಬಜೆಟ್ಟಿನಲ್ಲಿ 5,000 ಕೋಟಿ ರೂಪಾಯಿ ಅಂತ ಹೇಳುತ್ತ ಬಂದಿದ್ದಾರೆ. ಅಕ್ಷರ ಆವಿಷ್ಕಾರ ಎಂಬ ಹೆಸರಿನಲ್ಲಿ ಸಾಲಿಗೂ ಹಣ ಇಟ್ಟಿದ್ದಾರೆ. ಒಳ್ಳೆಯದು. ಕೋಣೆ ಕಟ್ಟಲಿ, ಕಾಂಪೌಂಡು ಕಟ್ಟಲಿ. 2025ರ ಆಗಸ್ಟ್‌ನಲ್ಲಿ ಸರ್ಕಾರಕ್ಕೆ ವರದಿ ಕೊಟ್ಟ ಸುಖದೇವ್ ಥೋರಟ್ ಆಯೋಗವೂ ಐದನೇ ತರಗತಿವರೆಗೆ ಕನ್ನಡ ಅಥವಾ ಮಾತೃಭಾಷೆಯಲ್ಲೇ ಕಲಿಸಿ ಎಂದಿದೆ. ಅದೂ ಒಳ್ಳೆಯದೇ. ಆದರೆ ಕಲಿಸುವವರು ಯಾರು ಎಂಬ ಸಾಲು ಖಾಲಿ ಬಿಟ್ಟು ಉಳಿದದ್ದನ್ನೆಲ್ಲ ತುಂಬಿದ ಅರ್ಜಿಯನ್ನು ನಾನು ಪ್ರೆಸ್ಸಿನಲ್ಲೂ ತೆಗೆದುಕೊಳ್ಳುವುದಿಲ್ಲ.

ನನ್ನ ಮಗಳು ಈಗ ಒಂಬತ್ತನೇ ತರಗತಿ. ಅದೇ ಸರ್ಕಾರಿ ವ್ಯವಸ್ಥೆಯಲ್ಲೇ ಇದ್ದಾಳೆ. ಕನ್ನಡ ಚೆನ್ನಾಗಿ ಬರುತ್ತದೆ, ರಜೆಯಲ್ಲಿ ನನ್ನ ಪ್ರೂಫು ಅವಳೇ ನೋಡುತ್ತಾಳೆ. ಗಣಿತಕ್ಕೆ ದುಡ್ಡು ಕೊಟ್ಟು ಟ್ಯೂಷನ್ನಿಗೆ ಕಳಿಸುತ್ತೇನೆ. ನನಗೆ ಪ್ರೆಸ್ಸು ಇದೆ, ಕಳಿಸುತ್ತೇನೆ. ಅರ್ಜಿ ಬರೆಸಲು ಬಂದ ಆ ತಾಯಿಗೆ ಏನಿದೆ? ಬರುವ ವರ್ಷ ನನ್ನ ಮಗಳು ಹತ್ತನೇ ತರಗತಿ ಪರೀಕ್ಷೆಗೆ ಕೂರುತ್ತಾಳೆ, ಆ ನೂರರಲ್ಲಿ ಒಬ್ಬಳಾಗಿ. ಆಕೆ ಪಾಸಾದರೆ ಅದು ಟ್ಯೂಷನ್ನಿನ ಗೆಲುವು ಆಗಬಾರದು, ಕನ್ನಡ ಸಾಲಿಯ ಗೆಲುವಾಗಬೇಕು ಅನ್ನುವ ಆಸೆ ನನ್ನದು.

 ಉತ್ತರ ಬಂದ ದಿನ ಕಳಿಸುವುದು ಮರೆಯಬೇಡಿ, ಯಂತ್ರಕ್ಕೆ ಎಣ್ಣೆ ಹಾಕಿ ಇಟ್ಟಿರುತ್ತೇನೆ.

ಸಿರಿಗನ್ನಡಂ ಗೆಲ್ಗೆ.